ಗುಂಪು: ಯೂನಿವರ್ಸಿಟಿ ವಾಲಿಬಾಲ್ ಹಳಬರು

ಡಲ್ಲಾಸ್ ಲಿಫ್ಟರ್ ಒಂದು ಪೋಸ್ಟರ್ ಫಾರ್ವರ್ಡ್ ಮಾಡಿದ್ದಾರೆ

ಡಲ್ಲಾಸ್ ಲಿಫ್ಟರ್: ಇಲ್ಲಿ ಪಕ್ಕದ ಹೈಸ್ಕೂಲಿನ ಹುಡುಗೀರ ವಾರ್ಸಿಟಿ (ಶಾಲೆಯ ಮುಖ್ಯ) ವಾಲಿಬಾಲ್ ಟೀಮ್ ಪೋಸ್ಟರ್. ಗೆಲುವು-ಸೋಲು ಒಟ್ಟು 24-17, ಡಿಸ್ಟ್ರಿಕ್ಟಲ್ಲಿ 8-4, ಮೂರನೇ ಸ್ಥಾನ, ಪ್ಲೇಆಫ್ ಮೊದಲ ಸುತ್ತಲ್ಲಿ ಸೋಲು. ಲಿಬೆರೋಗೆ (ಹಿಂದಿನ ಸಾಲಲ್ಲಿ ರಕ್ಷಣೆಗೆ ಅಂತಲೇ ಇರೋಳು) ಆಲ್-ಡಿಸ್ಟ್ರಿಕ್ಟ್, ಅಂದ್ರೆ ಡಿಸ್ಟ್ರಿಕ್ಟಿನ ಒಳ್ಳೇ ಆಟಗಾರ್ತಿಯರ ಪಟ್ಟೀಲಿ, ಫಸ್ಟ್ ಟೀಮ್, ಸೆಟ್ಟರ್‌ಗೆ (ಸ್ಮ್ಯಾಶಿಗೆ ಬಾಲ್ ಲಿಫ್ಟ್ ಮಾಡಿಕೊಡೋಳು) ಸೆಕೆಂಡ್ ಟೀಮ್. ಇಬ್ರೂ ಕನ್ನಡದವರ ಮನೆ ಮಕ್ಕಳು. ಚಪ್ಪಾಳೆ ಹೊಡೀರಪ್ಪ.

ಮಂಡ್ಯ ಬ್ಲಾಕರ್: 17 ಮ್ಯಾಚ್ ಸೋತು ಮೊದಲ ಸುತ್ತಲ್ಲೇ ಮನೆಗ್ ಬಂದೋರ್ಗೆ ಪೋಸ್ಟರ್ ಬೇರೆ ಕೇಡು. ಆ ದೇಶದಲ್ಲಿ ಬಾಲ್ ಎತ್ಕೊಟ್ಟೋರ್ಗೂ ಮೆಡಲ್ಲು.

ಕಾರ್ಕಳ ಲಿಬೆರೋ: ಮಾರಾಯ, 24-17 ನೋಡಿದ್ರೆ ಎಂತ ಗೊತ್ತಾಗ್ತದೆ? 8-4 ನೋಡು. ಲೆಕ್ಕಕ್ಕೆ ಬರೋದು ಅದೊಂದೇ.

ಡಲ್ಲಾಸ್ ಲಿಫ್ಟರ್: ಹೌದು. ಟೆಕ್ಸಸ್‌ನಲ್ಲಿ ಶಾಲೆಗಳನ್ನ ಮಕ್ಕಳ ಸಂಖ್ಯೆ ಮೇಲೆ 1ಎಯಿಂದ 6ಎವರೆಗೆ ವಿಂಗಡಿಸಿ, ಅದರೊಳಗೆ ಅಕ್ಕಪಕ್ಕದ ಶಾಲೆಗಳನ್ನ ಸೇರಿಸಿ ಡಿಸ್ಟ್ರಿಕ್ಟ್ ಮಾಡ್ತಾರೆ. ಬೇರೆ ರಾಜ್ಯದವರು, ಕಾಲೇಜಿನವರು ಆಲ್-ಕಾನ್ಫರೆನ್ಸ್ ಅನ್ನೋದನ್ನೇ ಇಲ್ಲಿ ಆಲ್-ಡಿಸ್ಟ್ರಿಕ್ಟ್ ಅನ್ನೋದು. ಈ ಡಿಸ್ಟ್ರಿಕ್ಟಲ್ಲಿ 7 ಟೀಮ್, ಪ್ರತಿಯೊಬ್ರ ಜೊತೆ ಎರಡೆರಡು ಸಲ, ಒಟ್ಟು 12 ಮ್ಯಾಚ್, ಮೊದಲ ನಾಲ್ಕು ಟೀಮ್ ಪ್ಲೇಆಫಿಗೆ. ಪ್ಲೇಆಫಿಂದು ಒಂದು ಬಿಟ್ರೆ ಉಳಿದ 28 ಮ್ಯಾಚ್ ಹೆಚ್ಚಿನವು ಆಗಸ್ಟ್ ಟೂರ್ನಮೆಂಟ್‌ದು. ದಿನಕ್ಕೆ ಮೂರು ನಾಲ್ಕು ಮ್ಯಾಚ್, ಬೆಸ್ಟ್ ಆಫ್ ತ್ರೀ. ಕೋಚ್‌ಗಳು ಲೈನಪ್ ಹುಡುಕೋದೇ ಅಲ್ಲಿ. ಒಳ್ಳೇ ಕೋಚ್ ಬೇಕಂತಲೇ ಗಟ್ಟಿ ಟೂರ್ನಮೆಂಟ್‌ಗೆ ಹೆಸರು ಕೊಟ್ಟು ಸೋತು ಬರ್ತಾನೆ. ಪ್ಲೇಆಫ್ ಸೀಟಿಗೆ ಆ ಸೋಲು ತಟ್ಟೋದೇ ಇಲ್ಲ.

ಮಂಡ್ಯ ಬ್ಲಾಕರ್: ಸರಿ, ಒಪ್ದೆ. ಸೆಟ್ಟರ್ ವಿಷಯ ಹೇಳು. ಪೋಸ್ಟರಲ್ಲಿ 570 ಅಸಿಸ್ಟ್, ಅಂದ್ರೆ ಎತ್ಕೊಟ್ಟ ಬಾಲ್ ಸ್ಮ್ಯಾಶ್ ಆಗಿ ಪಾಯಿಂಟ್ ಆಗಿದ್ದು, ಅಂತದೆ. ಅದೇ ಡಿಸ್ಟ್ರಿಕ್ಟಲ್ಲಿ ಫಸ್ಟ್ ಟೀಮ್ ಸೆಟ್ಟರ್ ಎಷ್ಟು ಮಾಡವ್ಳೆ?

ಡಲ್ಲಾಸ್ ಲಿಫ್ಟರ್: 1,045.

ಮಂಡ್ಯ ಬ್ಲಾಕರ್: ಮುಗೀತಲ್ಲ ಇನ್ನೇನು. ಅರ್ಧಕ್ಕರ್ಧ. ಇವ್ಳಿಗೆ ಸೆಕೆಂಡ್ ಟೀಮೇ ಜಾಸ್ತಿ ಆಯ್ತು.

ಡಲ್ಲಾಸ್ ಲಿಫ್ಟರ್: ಅಲ್ಲೇ ಎಡವಿದ್ದು ನೀನು. ಆ ಹುಡುಗಿ ಟೀಮ್ 5-1 ಆಡುತ್ತೆ, ಒಬ್ಳೇ ಸೆಟ್ಟರ್, ಆರೂ ರೊಟೇಷನ್ (ಜಾಗ ಬದಲಿಸ್ತಾ ಹೋಗೋ ಆರೂ ಸರದಿ). 110 ಸೆಟ್ಟಲ್ಲಿ 1,045, ಅಂದ್ರೆ ಸೆಟ್ಟಿಗೆ 9.5. ನಮ್ಮ ಹುಡುಗಿ ಟೀಮ್ 6-2. ಇಬ್ರು ಸೆಟ್ಟರ್, ಒಬ್ಬೊಬ್ಳೂ ತಾನು ಹಿಂದಿನ ಸಾಲಲ್ಲಿ ಇದ್ದಾಗ ಮಾತ್ರ ಲಿಫ್ಟ್ ಮಾಡ್ತಾಳೆ, ಮುಂದಕ್ಕೆ ಬರ್ತಿದ್ದ ಹಾಗೆ ಸಬ್ ಆಗಿ ಹೊರಗೆ. 114 ಸೆಟ್ಟಲ್ಲಿ 570, ಸೆಟ್ಟಿಗೆ 5. ಆದ್ರೆ ಅರ್ಧ ರೊಟೇಷನ್ ಮಾತ್ರ ಅಂಗಳದಲ್ಲಿದ್ದು ಬಂದ 5.

ಮಂಡ್ಯ ಬ್ಲಾಕರ್: ಅದ್ಕೆ ಎರಡರಿಂದ ಗುಣಿಸಿ 10 ಮಾಡ್ಕೊಂಡು, ನಮ್ಮೋಳೇ ಮೇಲು ಅಂತೀಯ? 6-2ರಲ್ಲಿ ಯಾವಾಗ್ಲೂ ಮುಂದೆ ಮೂರು ಜನ ಸ್ಮ್ಯಾಶರ್. 5-1ರಲ್ಲಿ ಸೆಟ್ಟರ್ ಮುಂದಿದ್ದಾಗ ಎರಡೇ ಜನ, ಎದುರಾಳಿ ಬ್ಲಾಕ್ ಅಲ್ಲೇ ಕಾಯ್ಕಂಡ್ ನಿಂತಿರುತ್ತೆ. ಅಸಿಸ್ಟ್ ಗಿಟ್ಸೋದು ಯಾರಿಗ್ ಸುಲಭ? ಬ್ಲಾಕ್ ಮಾಡೋರ್ನ ಕೇಳು. ಮೇಲಾಗಿ 5-1 ಸೆಟ್ಟರ್ ಮೂರು ರೊಟೇಷನ್ ನೆಟ್ಟಲ್ಲೇ ನಿಂತು ಬ್ಲಾಕ್ ಹೊಡೀಬೇಕು, ಎರಡನೇ ಬಾಲ್ ಡಂಪ್ ಮಾಡ್ಬೇಕು, ಲಿಫ್ಟ್ ಮಾಡ್ದೆ ನೇರ ಆ ಕಡೆ ಹಾಕ್ಬೇಕು. ನಿಮ್ಮೋಳು ಆ ಹೊತ್ತಲ್ಲಿ ಬೆಂಚಲ್ಲಿ ಕೂತ್ಕಂಡು ನೀರ್ ಕುಡೀತಿರ್ತಾಳೆ.

ಡಲ್ಲಾಸ್ ಲಿಫ್ಟರ್: ಗುಣಾಕಾರ ಪೂರ್ತಿ ಸರಿಯಲ್ಲ, ಒಪ್ತೀನಿ. ಆದ್ರೆ 570ನ 1,045ರ ಪಕ್ಕ ಇಟ್ಟು ಅರ್ಧ ಅನ್ನೋದೂ ಸರಿಯಲ್ಲ. ಸೆಟ್ಟರನ್ನ ಅಳೀಬೇಕಂದ್ರೆ ಟೀಮಿನ ಹಿಟ್ಟಿಂಗ್ ಪರ್ಸೆಂಟೇಜ್ ನೋಡು, ಅದೂ ಅವಳು ಲಿಫ್ಟ್ ಮಾಡೋ ಮೂರು ರೊಟೇಷನ್‌ದು ಬೇರೆ ತೆಗೆದು.

ಪಿಇ ಸರ್: ಒಂದು ನಿಮಿಷ. ಸೆಟ್ಟರ್ ಮುಂದೆ ಬಂದಾಗಲೆಲ್ಲ ಸಬ್ ಅಂದರೆ, ಸೆಟ್ಟಿಗೆ 6 ಬದಲಾವಣೆಯಲ್ಲಿ ಅದು ಹೇಗಯ್ಯಾ ಸಾಧ್ಯ?

ಕಾರ್ಕಳ ಲಿಬೆರೋ: ಸರ್, 6 ಅಂತರರಾಷ್ಟ್ರೀಯ ನಿಯಮದಲ್ಲಿ. ಅಲ್ಲಿ ಹೈಸ್ಕೂಲಿಗೆ ಸೆಟ್ಟಿಗೆ 18, ಕಾಲೇಜು ಹುಡುಗಿಯರಿಗೆ 15. 6-2ರಲ್ಲಿ ಮೂರು ರೊಟೇಷನ್ನಿಗೊಮ್ಮೆ ಎರಡು ಸಬ್ ಬೇಕು, ಮುಂದೆ ಬಂದ ಸೆಟ್ಟರ್ ಜಾಗಕ್ಕೆ ಸ್ಮ್ಯಾಶರ್, ಹಿಂದೆ ಹೋದ ಸ್ಮ್ಯಾಶರ್ ಜಾಗಕ್ಕೆ ಇನ್ನೊಬ್ಬ ಸೆಟ್ಟರ್. ಪೂರ್ತಿ ಒಂದು ಸುತ್ತಿಗೆ 4. 18 ಇದ್ರೆ ನಾಲ್ಕು ಸುತ್ತು ಆರಾಮ. ತಾಪತ್ರಯ ಎಲ್ಲಿ ಅಂದ್ರೆ, ಕೋಚ್ ಅದರ ಮೇಲೆ ಸರ್ವಿಸಿಗೊಬ್ಳು, ಹಿಂದಿನ ಸಾಲಿಗೊಬ್ಳು ಅಂತ ಇಳಿಸ್ತಾ ಹೋದ್ರೆ 22-22ಕ್ಕೆ ಸಬ್ ಖಾಲಿ. ಆಗ ಗಿಡ್ಡ ಸೆಟ್ಟರ್ ಮುಂದಿನ ಸಾಲಲ್ಲಿ ಸಿಕ್ಕಿಬೀಳ್ತಾಳೆ, ಎದುರು ಟೀಮ್ ಅವಳ ತಲೆ ಮೇಲೇ ಹೊಡೀತದೆ. ಎಷ್ಟೋ ಸೆಟ್ ಹೋಗೋದು ಹಾಗೆ.

ಪಿಇ ಸರ್: ಅದು ಆಟವಲ್ಲ, ಬಸ್ ಸ್ಟ್ಯಾಂಡ್. ಆರು ಜನ ಆರೂ ಜಾಗದಲ್ಲಿ ಆಡಬೇಕು. ಹೋಗಲಿ, ಪೋಸ್ಟರಿನಲ್ಲಿ ಲಿಬೆರೋ ಹೆಸರಿನ ಮುಂದೆ 31 ಏಸ್, ಅಂದರೆ ಸರ್ವ್‌ನಲ್ಲೇ ನೇರ ಪಾಯಿಂಟ್, ಎಂದಿದೆಯಲ್ಲ, ಅದು ಮುದ್ರಣ ದೋಷ ತಾನೆ?

ಕಾರ್ಕಳ ಲಿಬೆರೋ: ಅಲ್ಲ ಸರ್. ಅಲ್ಲಿ ಹೈಸ್ಕೂಲಲ್ಲೂ ಕಾಲೇಜು ಹುಡುಗಿಯರ ಆಟದಲ್ಲೂ ಲಿಬೆರೋ ಸರ್ವ್ ಮಾಡಬಹುದು. ಆದ್ರೆ ಸೆಟ್ಟಿನಲ್ಲಿ ಒಂದೇ ರೊಟೇಷನ್ ಜಾಗದಲ್ಲಿ. ಮೊದಲ ಸಲ ಯಾರ ಜಾಗದಲ್ಲಿ ಸರ್ವ್ ಮಾಡಿದಳೋ ಆ ಸೆಟ್ ಮುಗಿಯುವವರೆಗೆ ಅದೇ ಜಾಗ. ಸ್ಕೋರರ್ ಪಕ್ಕ ಕೂತ ಲಿಬೆರೋ ಟ್ರ್ಯಾಕರ್ ಆ ಸಂಖ್ಯೆಗೆ ತ್ರಿಕೋನ ಹಾಕ್ತಾನೆ. ಇನ್ನೊಂದು ಮಿಡ್ಲ್ ಬ್ಲಾಕರ್ ಜಾಗದಲ್ಲಿ ಮರೆತು ಸರ್ವ್ ಮಾಡಿದ್ಲೋ, ಪಾಯಿಂಟೂ ಹೋಯ್ತು, ಸರ್ವಿಸೂ ಹೋಯ್ತು.

ಪಿಇ ಸರ್: 1998ರಲ್ಲಿ ಲಿಬೆರೋ ತಂದದ್ದೇ ರಕ್ಷಣೆಗೆ. ಸರ್ವ್ ಕೊಟ್ಟರೆ ಅವಳು ಲಿಬೆರೋ ಅಲ್ಲ. ಒಪ್ಪುವುದಿಲ್ಲ.

ಓಮಾಹಾ ಸ್ಮ್ಯಾಶರ್: ಸರ್, 2024ರಿಂದ ಕಾಲೇಜು ಹುಡುಗಿಯರಿಗೆ ಎರಡನೇ ಟಚ್ಚಿನಲ್ಲಿ ಡಬಲ್ (ಒಬ್ಳ ಕೈಗೆ ಬಾಲ್ ಎರಡು ಸಲ ತಗಲೋದು) ಕೂಡ ಫಾಲ್ಟ್ ಅಲ್ಲ, ಬಾಲ್ ತಮ್ಮ ಕಡೆಯೇ ಉಳಿದ್ರೆ ಸಾಕು.

ಪಿಇ ಸರ್: ಶಿವ ಶಿವ.

ಮಂಡ್ಯ ಬ್ಲಾಕರ್: ಸರ್‌ಗೆ ಬಿಪಿ ಏರ್ಸ್ಬೇಡ್ರಪ್ಪ. ಲಿಬೆರೋ ಲೆಕ್ಕಕ್ ಬನ್ನಿ. 502 ಡಿಗ್ (ಎದುರಾಳಿ ಹೊಡ್ದ ಬಾಲ್ ಎತ್ತಿದ್ದು), 114 ಸೆಟ್. ಸೆಟ್ಟಿಗೆ 4.4. ಪರ್ವಾಗಿಲ್ಲ.

ಕಾರ್ಕಳ ಲಿಬೆರೋ: ಡಿಗ್ ನೋಡಿ ಬೀಳಬೇಡ. ಮುಂದೆ ಬ್ಲಾಕ್ ಸೋರಿದ್ರೆ ಹಿಂದೆ ಡಿಗ್ ತಾನಾಗಿ ಏರ್ತದೆ, ಬಾಲೆಲ್ಲ ಅವಳ ಮೇಲೇ ಬರೋದಲ್ವಾ. ಬ್ಲಾಕ್ ಗಟ್ಟಿ ಇರೋ ಟೀಮಿನ ಲಿಬೆರೋಗೆ 3.5 ಇದ್ರೂ ಅವಳು ಇವಳಿಗಿಂತ ಮೇಲಿರಬಹುದು. ಲಿಬೆರೋ ಬೆಲೆ ಇರೋದು ರಿಸೀವಿಂಗಲ್ಲಿ, ಎದುರಾಳಿ ಸರ್ವ್ ತಗೊಳ್ಳೋದ್ರಲ್ಲಿ. ಪ್ರತಿ ರಿಸೀವಿಗೆ 3, 2, 1, 0 ಅಂತ ಅಂಕ. ಸೆಟ್ಟರ್ ಜಾಗ ಬಿಟ್ಟು ಅಲ್ಲಾಡದೆ ಮಿಡ್ಲ್‌ಗೂ ಕೊಡೋ ಹಾಗಿದ್ರೆ 3. ಎರಡು ಹೆಜ್ಜೆ ಓಡಿ ಎರಡೂ ಕಡೆ ಹೈ ಬಾಲ್ ಮಾತ್ರ ಆದ್ರೆ 2. ಕೈಗೆ ಸಿಕ್ಕಿದಲ್ಲಿಗೆ ಎತ್ತಿ ಬಿಸಾಡೋ ಹಾಗಾದ್ರೆ 1. ಏಸ್ ಆದ್ರೆ 0. 40 ರಿಸೀವಿಗೆ 86 ಅಂಕ ಬಂದ್ರೆ ಸರಾಸರಿ 2.15, ಹೈಸ್ಕೂಲಿಗೆ ಚಂದದ ಲೆಕ್ಕ. ಆದ್ರೆ ಕಷ್ಟ ಎಂತ ಅಂದ್ರೆ ಬಾಕ್ಸ್ ಸ್ಕೋರಲ್ಲಿ ಅದು ಬರೋದೇ ಇಲ್ಲ, ರಿಸೆಪ್ಷನ್ ಎರರ್ ಮಾತ್ರ ಬರ್ತದೆ. 3 ಕೊಟ್ಟವಳೂ 1 ಕೊಟ್ಟವಳೂ ಕಾಗದದಲ್ಲಿ ಒಂದೇ.

ಮಂಡ್ಯ ಬ್ಲಾಕರ್: ಹಂಗಾದ್ರೆ ಯಾವ್ ನೋಡಿ ಫಸ್ಟ್ ಟೀಮ್ ಕೊಟ್ರು?

ಡಲ್ಲಾಸ್ ಲಿಫ್ಟರ್: ಕಾಗದ ನೋಡಿ ಕೊಡೋದಲ್ಲ. ಡಿಸ್ಟ್ರಿಕ್ಟ್ ಮುಗಿದ ಮೇಲೆ ಏಳೂ ಕೋಚ್‌ಗಳು ಕೂತು ತಮ್ಮ ಟೀಮಿನ ಹೆಸರು ಮುಂದಿಡ್ತಾರೆ, ಓಟು ಹಾಕ್ತಾರೆ. ಸಾಮಾನ್ಯವಾಗಿ ತನ್ನ ಆಟಗಾರ್ತಿಗೆ ತಾನೇ ಓಟು ಹಾಕೋ ಹಾಗಿಲ್ಲ. ಅಂದ್ರೆ ಈ ಲಿಬೆರೋಗೆ ಬಿದ್ದದ್ದು ಎದುರು ನಿಂತು ಎರಡೆರಡು ಸಲ ಸರ್ವ್ ಪ್ಲಾನ್ ಮಾಡಿದವರ ಓಟು. ಇವಳ ಕಡೆ ಬಾಲ್ ಹಾಕ್ಬೇಡಿ ಅಂತ ತಮ್ಮ ಹುಡುಗೀರಿಗೆ ಹೇಳಿದವರು ಅವರೇ.

ಮಂಡ್ಯ ಬ್ಲಾಕರ್: ನೀನು ನನ್ನೋಳ್ಗೆ ಹಾಕು, ನಾನು ನಿನ್ನೋಳ್ಗೆ ಹಾಕ್ತೀನಿ ಅನ್ನೋದು ಅಲ್ಲಿ ನಡಿಯಲ್ವಾ? ನಮ್ ಸೊಸೈಟಿ ಎಲೆಕ್ಷನ್ ಥರ.

ಡಲ್ಲಾಸ್ ಲಿಫ್ಟರ್: ನಡಿಯುತ್ತೆ. ಗೆದ್ದ ಟೀಮಿಗೆ ಫಸ್ಟ್ ಟೀಮಲ್ಲಿ ಇಷ್ಟು ಸೀಟು, ಎರಡನೇ ಟೀಮಿಗೆ ಇಷ್ಟು ಅಂತ ಮೊದಲೇ ಹಂಚಿಕೊಳ್ಳೋ ಡಿಸ್ಟ್ರಿಕ್ಟೂ ಇವೆ. ಮೂರನೇ ಸ್ಥಾನದ ಟೀಮಿನ ಮೂರನೇ ಒಳ್ಳೇ ಆಟಗಾರ್ತಿ ಆಗ ಕೆಳಗಿಳೀತಾಳೆ. ಸೆಟ್ಟರ್‌ಗೆ ಆಗಿರೋದು ಅದೇ ಇರಬಹುದು. ಅದಕ್ಕೇ ಹೇಳೋದು, ಫಸ್ಟ್ ಸೆಕೆಂಡ್ ಮಧ್ಯೆ ಗೆರೆ ದಪ್ಪಗೆ ಎಳೀಬೇಡ.

ಓಮಾಹಾ ಸ್ಮ್ಯಾಶರ್: ಕಾಲೇಜಲ್ಲಿ ಇನ್ನೂ ಮಜಾ. ಫಸ್ಟ್ ಟೀಮ್ ಅಂದ್ರೆ ಅಂಗಳಕ್ಕೆ ಇಳಿಸೋ ಏಳು ಜನ ಅಂತ ತಿಳ್ಕೋಬೇಡಿ, ದೊಡ್ಡ ಕಾನ್ಫರೆನ್ಸ್‌ಗಳಲ್ಲಿ ಅದು ಏಳಕ್ಕೆ ನಿಲ್ಲೋದೇ ಇಲ್ಲ. ಔಟ್‌ಸೈಡ್ ಹಿಟ್ಟರ್‌ಗಳೇ (ನೆಟ್ಟಿನ ಅಂಚಿಂದ ಹೊಡೆಯೋರು) ಸಾಲಾಗಿ ತುಂಬ್ಕೊಂಡಿರ್ತಾರೆ.

ಮಂಡ್ಯ ಬ್ಲಾಕರ್: ನೀನ್ ಮಾತಾಡ್ಬೇಡ. ನಿಮ್ ನೆಬ್ರಾಸ್ಕಾ ಯೂನಿವರ್ಸಿಟಿ ಟೀಮ್ ಕತೆ ಗೊತ್ತು. 33-0 ಅಂತ ಕುಣಿದು, ಪಟ್ಟಿ ತುಂಬ ನಿಮ್ಮೋರೇ ಇದ್ದು, ಸ್ವಂತ ಊರಲ್ಲೇ ಟೆಕ್ಸಸ್ ಎ ಅಂಡ್ ಎಂ ಕೈಲಿ 3-2 ತಿಂದ್ರಲ್ಲ. ಪ್ರಶಸ್ತಿ ವಾಪಸ್ ಕೊಟ್ರಾ?

ಓಮಾಹಾ ಸ್ಮ್ಯಾಶರ್: ಬಿಗ್ ಟೆನ್, ಅಂದ್ರೆ ನೆಬ್ರಾಸ್ಕಾ ಇರೋ ಕಾನ್ಫರೆನ್ಸ್, ಪ್ರಶಸ್ತಿ ನೀಡೋದು ಲೀಗ್ ಆಟಕ್ಕೆ. 18 ಟೀಮ್, ತಲಾ 20 ಲೀಗ್ ಮ್ಯಾಚ್, ಆಮೇಲೆ ಕಾನ್ಫರೆನ್ಸ್ ಟೂರ್ನಮೆಂಟ್ ಅಂತಲೂ ಇಲ್ಲ. 64 ಟೀಮಿನ ರಾಷ್ಟ್ರೀಯ ನಾಕೌಟ್ ಶುರುವಾಗೋ ಮೊದಲೇ ಪಟ್ಟಿ ಬಂದಿರುತ್ತೆ. 20ಕ್ಕೆ 20 ಗೆದ್ದ ಟೀಮಿನವರಿಗೆ ಕೊಡದೆ ಇನ್ಯಾರಿಗೆ ಕೊಡ್ಬೇಕಿತ್ತು? ಡಿಸೆಂಬರಲ್ಲಿ ಒಂದು ದಿನ, ಐದನೇ ಸೆಟ್ 15ಕ್ಕೆ ಮುಗಿಯೋ ಆಟ, ಅದರಿಂದ ಮೂರು ತಿಂಗಳು ಸುಳ್ಳಾಗುತ್ತಾ?

ಮಂಡ್ಯ ಬ್ಲಾಕರ್: ಎ ಅಂಡ್ ಎಂ ಮುಂದೆ ಹೋಗಿ ಫೈನಲಲ್ಲಿ ಕೆಂಟಕಿನ 3-0 ಹೊಡ್ದು ಕಪ್ ಎತ್ತಿದ್ರು. ಕಪ್ ಯಾರ ಮನೇಲಿದ್ಯೋ ಅವ್ರೇ ದೊಡ್ಡೋರು.

ಓಮಾಹಾ ಸ್ಮ್ಯಾಶರ್: ಕಪ್ಪಿಗೆ ಬೇರೆ ಲೆಕ್ಕ ಇದೆ, ಅಲ್ಲಿ ಆಲ್-ಟೂರ್ನಮೆಂಟ್ ಟೀಮ್ ಅಂತ ಬೇರೆ ಪಟ್ಟಿನೇ ಮಾಡ್ತಾರೆ. ಎರಡನ್ನೂ ಕಲಸ್ಬೇಡ. ಪೆನ್ ಸ್ಟೇಟ್ 2007ರಿಂದ 2010ರವರೆಗೆ ಸತತ 109 ಮ್ಯಾಚ್ ಗೆದ್ದು ನಾಲ್ಕು ಸಲ ಕಪ್ಪೂ ಎತ್ತಿತ್ತಲ್ಲ, ಅಂಥದ್ದು ಎಲ್ರಿಗೂ ಆಗಲ್ಲ.

ಪಿಇ ಸರ್: ನಮ್ಮ ಅಂತರ ವಿಶ್ವವಿದ್ಯಾಲಯ ಪದ್ಧತಿಯೇ ನೇರ. ಮೊದಲು ನಾಕೌಟ್, ಕೊನೆಯ ನಾಲ್ಕು ತಂಡಗಳಿಗೆ ಲೀಗ್, ಆ ನಾಲ್ಕೂ ಸೌತ್ ಝೋನಿನಿಂದ ಅಖಿಲ ಭಾರತಕ್ಕೆ. ಮತಪತ್ರ ಇಲ್ಲ, ಪೋಸ್ಟರ್ ಇಲ್ಲ.

ಕಾರ್ಕಳ ಲಿಬೆರೋ: ಸರ್, ಅದರಲ್ಲೇ ದೊಡ್ಡ ತೂತು ಉಂಟಲ್ಲ. ಮೊದಲ ದಿನ ಬೆಳಿಗ್ಗೆ ಗಟ್ಟಿ ಟೀಮಿಗೆ ಬಿದ್ದು ಸೋತ ಯೂನಿವರ್ಸಿಟಿಯಲ್ಲಿ ಎಷ್ಟು ಒಳ್ಳೇ ಸೆಟ್ಟರ್ ಇದ್ರೂ ಮೂರು ಸೆಟ್ ಆಡಿ ಬಸ್ ಹತ್ತೋದೇ. ನೋಡಿದವರು ಯಾರು, ಬರೆದಿಟ್ಟವರು ಯಾರು? ಅಂಕಿ ಇಡೋ ಅಭ್ಯಾಸ ನಮ್ಮಲ್ಲಿ ಗಟ್ಟಿಯಾದದ್ದೇ ಪ್ರೈಮ್ ವಾಲಿಬಾಲ್ ಬಂದ ಮೇಲೆ. ಬೆಂಗಳೂರು ಟಾರ್ಪಿಡೋಸ್ 2025ರಲ್ಲಿ ಕಪ್ ಗೆದ್ದದ್ದು ನೆನಪಿರ್ತದೆ, ಅವರ ಹಿಟ್ಟಿಂಗ್ ಪರ್ಸೆಂಟೇಜ್ ಎಷ್ಟು ಅಂತ ಈ ಗುಂಪಲ್ಲಿ ಒಬ್ಬರಾದ್ರೂ ಹೇಳಿ ನೋಡುವ.

ಮಂಡ್ಯ ಬ್ಲಾಕರ್: ಅದ್ನೂ ಒಂದ್ಸಲ ಬಿಡಿಸಿ ಹೇಳ್ಬುಡು. ನಮಗೆ ಗೊತ್ತಿರೋದು ಎಷ್ಟು ಬಾಲ್ ಬಿತ್ತು ಅನ್ನೋದಷ್ಟೆ.

ಓಮಾಹಾ ಸ್ಮ್ಯಾಶರ್: ಕಿಲ್‌ನಲ್ಲಿ (ಹೊಡೆದು ನೇರ ಪಾಯಿಂಟ್ ಆದದ್ದು) ಎರರ್ ಕಳಿ, ಹೊಡೆದ ಒಟ್ಟು ಅಟೆಂಪ್ಟಿಂದ ಭಾಗಿಸು. ಹೊರಗೆ ಹೊಡೆದದ್ದು, ನೆಟ್ಟಿಗೆ ಹೊಡೆದದ್ದು ಮಾತ್ರ ಅಲ್ಲ, ಬ್ಲಾಕ್ ಆಗಿ ನೇರ ಪಾಯಿಂಟ್ ಹೋದದ್ದೂ ಎರರ್. 14 ಕಿಲ್, 6 ಎರರ್, 35 ಅಟೆಂಪ್ಟ್ ಆದ್ರೆ .229. ಇನ್ನೊಬ್ಳು 9 ಕಿಲ್, 1 ಎರರ್, 20 ಅಟೆಂಪ್ಟ್ ಆದ್ರೆ .400. ಕಳೆದು ನೋಡಿದ್ರೆ ಇಬ್ರದ್ದೂ 8 ಪಾಯಿಂಟೇ, ಆದ್ರೆ ಮೊದಲನೆಯವಳು 15 ಬಾಲ್ ಜಾಸ್ತಿ ತಿಂದ್ಲು. ಪೋಸ್ಟರಲ್ಲಿ ದೊಡ್ಡದಾಗಿ ಬರೋದು ಆ 14. ಹಂಗಂತ .400ನ ಕಣ್ಣು ಮುಚ್ಚಿ ನಂಬೋದೂ ಬೇಡ. ಮಿಡ್ಲ್‌ಗೆ ಬಾಲ್ ಸಿಗೋದೇ ಪಾಸ್ ಚೆನ್ನಾಗಿದ್ದಾಗ, ಪಾಸ್ ಕೆಟ್ಟು ಎದುರಿಗೆ ಎರಡು ಮೂರು ಬ್ಲಾಕ್ ನಿಂತಿರೋ ಕಷ್ಟದ ಬಾಲೆಲ್ಲ ಔಟ್‌ಸೈಡ್ ತಲೆಗೆ. ಔಟ್‌ಸೈಡಿಗೆ .250 ಬಂದ್ರೆ ಒಳ್ಳೇದೇ, ಮಿಡ್ಲ್‌ಗೆ ಅದೇ .250 ಅಂದ್ರೆ ಎಲ್ಲೋ ಏನೋ ಸರಿಯಿಲ್ಲ.

ಮಂಡ್ಯ ಬ್ಲಾಕರ್: ಈಗ ಸ್ವಲ್ಪ ತಲೆಗ್ ಹೋಯ್ತು. ಬ್ಲಾಕು?

ಓಮಾಹಾ ಸ್ಮ್ಯಾಶರ್: ಒಬ್ಳೇ ಹೊಡೆದ್ರೆ 1. ಇಬ್ರು ಮೂವರು ಸೇರಿ ಹೊಡೆದ್ರೆ ಪ್ರತಿಯೊಬ್ಳ ಹೆಸರಿಗೂ ಒಂದು ಬ್ಲಾಕ್ ಅಸಿಸ್ಟ್, ಪಾಯಿಂಟ್ ಲೆಕ್ಕಕ್ಕೆ ಅದು ಅರ್ಧ. ಕೆಲವು ಶಾಲೆ ಪೋಸ್ಟರಲ್ಲಿ ಸೋಲೋ ಅಸಿಸ್ಟ್ ಎರಡನ್ನೂ ಪೂರ್ತಿ ಕೂಡಿಸಿ 120 ಬ್ಲಾಕ್ ಅಂತ ಹಾಕ್ತಾರೆ. ಬಿಡಿಸಿದ್ರೆ 20 ಸೋಲೋ, 100 ಅಸಿಸ್ಟ್, ಅಂದ್ರೆ 70 ಪಾಯಿಂಟ್.

ಡಲ್ಲಾಸ್ ಲಿಫ್ಟರ್: ಇನ್ನೊಂದು ಮಾತು. ಇಬ್ರ ಮನೆಯವರೂ ಈ ಪೋಸ್ಟರ್ ಹಿಡ್ಕೊಂಡು ಕಾಲೇಜ್ ಸ್ಕಾಲರ್‌ಶಿಪ್ ಲೆಕ್ಕ ಹಾಕ್ತಾ ಇದ್ದಾರಂತೆ. ಅದಕ್ಕೆ ಇದು ಸಾಲಲ್ಲ. ಡಿವಿಷನ್ ಒನ್ (ಕಾಲೇಜ್ ಆಟದ ಮೇಲಿನ ಮಟ್ಟ) ಕೋಚ್‌ಗಳು ಹುಡುಕೋದು ಹೆಚ್ಚಾಗಿ ಕ್ಲಬ್ ಟೂರ್ನಮೆಂಟಲ್ಲಿ. ಅವರು ನೇರ ಮಾತಾಡೋಕೆ ಆಗೋದೇ ಹತ್ತನೇ ಕ್ಲಾಸ್ ಮುಗಿದ ಜೂನ್ 15ರಿಂದ. ಹಣ ಕೊಡೋ ದೊಡ್ಡ ಕಾಲೇಜ್‌ಗಳಲ್ಲಿ ಈಗ ರೋಸ್ಟರೇ (ಟೀಮಿನ ಆಟಗಾರ್ತಿಯರ ಪಟ್ಟಿ) 18 ಜನಕ್ಕೆ ಮಿತಿ. ಕೋಚಿಗೆ ಕಳಿಸ್ಬೇಕಾದ್ದು ಹೈಲೈಟ್ ರೀಲ್ ಒಂದೇ ಅಲ್ಲ, ಒಂದು ಪೂರ್ತಿ ಸೆಟ್ಟಿನ ಕತ್ತರಿಸದ ವಿಡಿಯೋ, ಅಂಗಳದ ಹಿಂದಿನಿಂದ, ಎತ್ತರದಿಂದ ತೆಗೆದದ್ದು. ಪಕ್ಕದಿಂದ ತೆಗೆದ್ರೆ ಪಾಸ್ ಎಲ್ಲಿಗೆ ಹೋಯ್ತು ಅಂತಲೇ ಕಾಣಲ್ಲ. 6-2 ಸೆಟ್ಟರ್ ಆದ್ರೆ ಕ್ಲಬ್ಬಲ್ಲಿ 5-1 ಆಡಿದ ಸೆಟ್ ಕಳಿಸೋದು ಮೇಲು, ಮುಂದಿನ ಸಾಲಲ್ಲಿ ನಿಂತು ಬ್ಲಾಕ್ ಮಾಡ್ತಾಳಾ ಅನ್ನೋದೇ ಅವರ ಮೊದಲ ಪ್ರಶ್ನೆ.

ಮಂಡ್ಯ ಬ್ಲಾಕರ್: ಅದೇ ನಾ ಆವಾಗ್ಲಿಂದ ಕೇಳ್ತಿರೋದು. ಬೇರೆಯೋರ್ ಕೇಳಿದ್ರೆ ಪ್ರಶ್ನೆ, ನಾ ಕೇಳಿದ್ರೆ ಹೊಟ್ಟೆಕಿಚ್ಚು.

ಕಾರ್ಕಳ ಲಿಬೆರೋ: ನೀನು ಕೇಳಿದ್ದು ಪ್ರಶ್ನೆಯಾ? ಬಾಲ್ ಎತ್ಕೊಟ್ಟೋರ್ಗೂ ಮೆಡಲ್ ಅಂದದ್ದು ಮೇಲೆ ಹಾಗೇ ಉಂಟು, ಡಿಲೀಟ್ ಮಾಡು.

ಮಂಡ್ಯ ಬ್ಲಾಕರ್: ಮಾಡಲ್ಲ. ಡಿಸ್ಟ್ರಿಕ್ಟಿನ 12 ಮ್ಯಾಚಿಂದು ಮಾತ್ರ ಬೇರೆ ತೆಗೆದು ಕಳ್ಸು. ಆಗಸ್ಟಿಂದು ಬೇಡ. ಆ 1,045 ಮಾಡಿರೋಳ ಟೀಮಿಂದೂ ಬೇಕು, ಎರಡೂ ಟೀಮಿನ ಹಿಟ್ಟಿಂಗ್ ಪರ್ಸೆಂಟೇಜ್ ಪಕ್ಕಪಕ್ಕ.

ಪಿಇ ಸರ್: ಲಿಬೆರೋ ಸರ್ವ್ ಮಾಡಿದ ಏಸ್‌ಗಳನ್ನು ಬಿಟ್ಟು ಲೆಕ್ಕ ಹಾಕಿ.

ಡಲ್ಲಾಸ್ ಲಿಫ್ಟರ್: ಏಸ್‌ಗೂ ಹಿಟ್ಟಿಂಗ್ ಪರ್ಸೆಂಟೇಜ್‌ಗೂ ಸಂಬಂಧ ಇಲ್ಲ ಸರ್. ನಮ್ಮ ಶಾಲೆಯದು 12ಕ್ಕೆ 12 ಸಿಗುತ್ತೆ, ಇಲ್ಲಿ ಅಂಕಿ ಅವರವರ ಕೋಚೇ ಸೈಟಿಗೆ ಹಾಕೋದು. ಆ ಶಾಲೆಯವರು ಕಿಲ್, ಅಸಿಸ್ಟ್ ಮಾತ್ರ ಹಾಕಿದ್ದಾರೆ, ಎರರ್ ಕಾಲಮ್ಮೇ ಖಾಲಿ.