ದೂರದರ್ಶನದ ಆರಂಭದ ವರ್ಷಗಳಲ್ಲಿ ನಟಿಸಿದ ದೊಡ್ಡಮ್ಮನ ಬಗ್ಗೆ ಬರೆಯುವುದು ಹೇಗೆ?

ಮರಳೂರುದಿಣ್ಣೆ (ತುಮಕೂರು):
ನಮ್ಮ ದೊಡ್ಡಮ್ಮ ತುಮಕೂರಿನ ಸರ್ಕಾರಿ ಶಾಲೆಯೊಂದರಲ್ಲಿ ಶಿಕ್ಷಕಿಯಾಗಿದ್ದುಕೊಂಡೇ ಹವ್ಯಾಸಿ ತಂಡಗಳಲ್ಲಿ ನಾಟಕವಾಡುತ್ತಿದ್ದರು. 1981ರ ನವೆಂಬರ್ 1ರಂದು ಬೆಂಗಳೂರು ದೂರದರ್ಶನ ಆರಂಭವಾದ ಮೇಲೆ, ಅಲ್ಲಿನ ಸ್ಟುಡಿಯೋ ನಾಟಕಗಳಲ್ಲಿಯೂ ಮುಂದೆ ಎರಡು ಮೂರು ಧಾರಾವಾಹಿಗಳಲ್ಲಿಯೂ ಅತ್ತೆ, ದಾದಿ, ನೆರೆಮನೆಯಾಕೆ ಇಂಥ ಪಾತ್ರಗಳನ್ನು ಮಾಡಿದರು. ಕಳೆದ ವರ್ಷ ಅವರು ತೀರಿಕೊಂಡರು. ಅವರ ಟ್ರಂಕಿನಲ್ಲಿ ಒಂದಿಷ್ಟು ಕಾಗದಗಳಿವೆಯೇ ಹೊರತು, ಪರದೆಯ ಮೇಲಿನ ಅವರ ಒಂದು ಚಿತ್ರವೂ ಇಲ್ಲ. ಇದನ್ನು ನಟಿಯೊಬ್ಬಳ ವೃತ್ತಿಜೀವನ ಎಂದು ಬರೆಯಬಹುದೇ? ಬರೆಯುವುದಾದರೆ ಎಲ್ಲಿಂದ ಆರಂಭಿಸಲಿ?

ಗುಬ್ಬಿವಾಸಿ:
ಖಂಡಿತ ಬರೆಯಿರಿ. ಅಂದಿನ ಧಾರಾವಾಹಿ ಎಂದರೆ ಸಾಮಾನ್ಯವಾಗಿ ವಾರಕ್ಕೊಂದರಂತೆ ಹದಿಮೂರು ಕಂತು. ಮುಖ್ಯ ಪಾತ್ರದವರಿಗೂ ಅದರಿಂದ ಸಂಸಾರ ಸಾಗುತ್ತಿರಲಿಲ್ಲ. 1994ರಲ್ಲಿ ಉದಯ ವಾಹಿನಿ ಬಂದು, ಕ್ರಮೇಣ ದಿನದ ಧಾರಾವಾಹಿಗಳು ಹೆಚ್ಚಿದ ಮೇಲಷ್ಟೇ ಕಿರುತೆರೆಯನ್ನೇ ನಂಬಿ ಬದುಕುವುದು ಅನೇಕರಿಗೆ ಸಾಧ್ಯವಾಯಿತು. ಆದ್ದರಿಂದ ನೌಕರಿ ಬಿಡಲಿಲ್ಲ ಎಂಬ ಕಾರಣಕ್ಕೆ ನಿಮ್ಮ ದೊಡ್ಡಮ್ಮನನ್ನು ಅರೆಕಾಲಿಕ ನಟಿ ಎಂದು ಕರೆಯುವುದು ನನಗೆ ಒಪ್ಪಿಗೆಯಿಲ್ಲ.

ಹೆಸರು ಉಳಿಯುವುದು ಬೇರೆಯೇ ಮಾತು. ಶಂಕರ್ ನಾಗ್ ಆಗುಂಬೆಯಲ್ಲಿ ಚಿತ್ರೀಕರಿಸಿದ ‘ಮಾಲ್ಗುಡಿ ಡೇಸ್’ ರಾಷ್ಟ್ರೀಯ ಜಾಲದಲ್ಲಿ ಬಂದು ಮತ್ತೆ ಮತ್ತೆ ಪ್ರಸಾರವಾದ್ದರಿಂದ, ಸ್ವಾಮಿಯ ತಾಯಿಯಾಗಿ ವೈಶಾಲಿ ಕಾಸರವಳ್ಳಿಯವರ ಮುಖ ಇಂದಿಗೂ ಜನರ ಕಣ್ಣಲ್ಲಿದೆ. ಸ್ಟುಡಿಯೋ ನಾಟಕಗಳಿಗೆ ಆ ಭಾಗ್ಯವಿರಲಿಲ್ಲ. ಟೇಪು ದುಬಾರಿಯಾಗಿತ್ತು, ಹಳೆಯದನ್ನು ಅಳಿಸಿ ಅದರ ಮೇಲೆಯೇ ಹೊಸದನ್ನು ಮುದ್ರಿಸುವುದು ಆಗಿನ ರೂಢಿ. 1884ರಲ್ಲಿ ಸ್ಥಾಪನೆಯಾದ ನಮ್ಮೂರು ಗುಬ್ಬಿಯ ನಾಟಕ ಕಂಪನಿಯ ನಟಿಯರ ಹೆಸರು ಕರಪತ್ರಗಳಲ್ಲಾದರೂ ಸಿಕ್ಕುತ್ತದೆ; ನೂರು ವರ್ಷ ಈಚಿನ ಕಿರುತೆರೆಯ ನಟಿಗೆ ಅಷ್ಟೂ ಇಲ್ಲ.

ಚಿಂತಾಮಣಿಯವ:
ಆ ಕಾಗದಗಳನ್ನು ಮೊದಲು ನೋಡಿ. ಕಲಾವಿದರಿಗೆ ದೂರದರ್ಶನ ಕೇಂದ್ರ ಕಳುಹಿಸುತ್ತಿದ್ದ ಒಪ್ಪಂದ ಪತ್ರಗಳು ಅವುಗಳಲ್ಲಿದ್ದರೆ ಕಾರ್ಯಕ್ರಮ, ಧ್ವನಿಚಿತ್ರಮುದ್ರಣದ ದಿನ, ಸಂಭಾವನೆ ತಿಳಿಯುತ್ತವೆ. ಅವನ್ನು ತಾರೀಖಿನಂತೆ ಜೋಡಿಸಿ, ಸೇವಾ ಪುಸ್ತಕದ ರಜೆಯ ಪುಟಗಳೊಂದಿಗೆ ಹೋಲಿಸಿ. ಗಳಿಕೆ ರಜೆ ಹಾಕಿ ಹೋಗಿದ್ದರೆ ಅಲ್ಲಿ ನಮೂದಿರುತ್ತದೆ. ಒಂದು ದಿನದ ಸಾಂದರ್ಭಿಕ ರಜೆಯಾಗಿದ್ದರೆ ಇರುವುದಿಲ್ಲ. ತಾಲೀಮಿಗೆ ತುಮಕೂರಿನಿಂದ ಎಪ್ಪತ್ತು ಕಿಲೋಮೀಟರ್ ಹೋಗಿ ಬರುತ್ತಿದ್ದುದು ಭಾನುವಾರಗಳಲ್ಲೋ ಏನೋ, ಅದನ್ನು ಜೊತೆಯ ಶಿಕ್ಷಕಿಯರಲ್ಲಿ ವಿಚಾರಿಸಿ.

ಮರಳೂರುದಿಣ್ಣೆ:
ಇಬ್ಬರಿಗೂ ವಂದನೆಗಳು. ರಾತ್ರಿ ಟ್ರಂಕು ತೆರೆದೆ. ಒಪ್ಪಂದ ಪತ್ರಗಳು ಐದು ಸಿಕ್ಕಿವೆ, ಜೊತೆಗೆ ಅವರ ಪಾತ್ರದ ಮಾತುಗಳಿರುವ ಒಂದೇ ಒಂದು ಹಾಳೆ. ಅದರಲ್ಲಿ ಪಾತ್ರದ ಹೆಸರಿರಬೇಕಾದ ಕಡೆ ‘ಎರಡನೆಯ ಹೆಂಗಸು’ ಎಂದಿದೆ. ದೊಡ್ಡಮ್ಮ ಅದನ್ನು ಪೆನ್ಸಿಲಿನಿಂದ ಹೊಡೆದುಹಾಕಿ, ಪಕ್ಕದಲ್ಲಿ ‘ಸಾವಿತ್ರಮ್ಮ’ ಎಂದು ಬರೆದುಕೊಂಡಿದ್ದಾರೆ.