ಪುಣೆಯಿಂದ ಬಂದ ಮಗಳಿಗೆ 8ನೇ ತರಗತಿಯಲ್ಲಿ ಕನ್ನಡ ಪ್ರಥಮ ಭಾಷೆಯೋ, ದ್ವಿತೀಯ ಭಾಷೆಯೋ? ಸಹಾಯ ಬೇಕು

ಎಲ್ಲರಿಗೂ ನಮಸ್ಕಾರ. ವರ್ಗವಾಗಿ ಪುಣೆಯಿಂದ ಧಾರವಾಡಕ್ಕೆ ಬಂದಿದ್ದೇವೆ. ಮಗಳು ರಾಜ್ಯ ಪಠ್ಯಕ್ರಮದ ಇಂಗ್ಲಿಷ್ ಮಾಧ್ಯಮ ಶಾಲೆಯಲ್ಲಿ 8ನೇ ತರಗತಿಗೆ ಸೇರಿದ್ದಾಳೆ. ಮನೆಯಲ್ಲಿ ಕನ್ನಡವೇ, ಹಾಗಾಗಿ ಮಾತು ಸಲೀಸು. ಓದು ಬರಹ ಮಾತ್ರ ಇಷ್ಟು ವರ್ಷ ಮರಾಠಿ, ಹಿಂದಿ, ಇಂಗ್ಲಿಷಿನಲ್ಲೇ ಆಗಿದೆ.

ರಜೆಯಲ್ಲಿ ಕಾಗುಣಿತದವರೆಗೆ ಕಲಿಸಿದೆ, ಬೇಗ ಹಿಡಿದಳು. ಒತ್ತಕ್ಷರ ಬಂದಾಗ ನಿಂತುಬಿಟ್ಟಳು. ದೇವನಾಗರಿಯಲ್ಲಿ ಅರ್ಧಾಕ್ಷರ ಮೊದಲು ಬರುತ್ತದೆ. ನಮ್ಮಲ್ಲಿ ಮೊದಲಕ್ಷರ ಪೂರ್ತಿ ಇದ್ದು, ಎರಡನೆಯದು ಕೆಳಗೆ ಹೋಗುತ್ತದೆ. 'ಸೂರ್ಯ'ದಲ್ಲಿ ಅರ್ಕಾವತ್ತು 'ಯ' ಆದಮೇಲೆ ಇರುತ್ತದೆ ಅಲ್ವಾ, ಅದನ್ನು ಮೊದಲೇ ಓದಬೇಕು ಅಂದರೆ ಗೊಂದಲವಾಗುತ್ತದೆ. ಎ-ಏ, ಒ-ಓ ಕೂಡ ತಪ್ಪುತ್ತವೆ. ಮರಾಠಿಯಲ್ಲಿ ಇವಕ್ಕೆ ಬೇರೆ ಬೇರೆ ಅಕ್ಷರ ಇಲ್ಲ. ಒಂದನೇ ತರಗತಿ ಪುಸ್ತಕ ಕೊಟ್ಟರೆ ಚಿಕ್ಕ ಮಕ್ಕಳದ್ದು ಅಂತ ಮುಟ್ಟುವುದಿಲ್ಲ. ಆ ವಯಸ್ಸಿಗೆ ಅದು ಸಹಜವೇ.

ಈಗ ಶಾಲೆಯವರು ಬೇಗ ಭಾಷೆ ಆರಿಸಿ ಅಂತಿದ್ದಾರೆ. ಕನ್ನಡ ಪ್ರಥಮ ಭಾಷೆಯಾದರೆ ಎಸ್ಸೆಸ್ಸೆಲ್ಸಿಯಲ್ಲಿ 125 ಅಂಕ, ಹಳಗನ್ನಡದ ಪದ್ಯಗಳೂ ಇರುತ್ತವೆ. ದ್ವಿತೀಯ ಭಾಷೆಯಾದರೆ 100 ಅಂಕ, ಪುಸ್ತಕವೇ ಬೇರೆ. ಅವಳು ಕನ್ನಡವನ್ನು ಚೆನ್ನಾಗಿ ಕಲಿಯಬೇಕು ಅನ್ನೋ ಆಸೆ ನನಗೆ ಜಾಸ್ತಿ. ಆದರೆ ಅದಕ್ಕಾಗಿ ಮಗು ಮೂರು ವರ್ಷ ಹೆದರಿಕೊಂಡು ಓದುವುದು ಬೇಡ.

ಹೊರರಾಜ್ಯದಿಂದ ಹೈಸ್ಕೂಲಿಗೆ ಬಂದ ಮಕ್ಕಳಿಗೆ ಕಲಿಸಿದ ಶಿಕ್ಷಕರು, ಪೋಷಕರು ದಯವಿಟ್ಟು ಹೇಳಿ: ಇಂಥ ಮಗು 10ನೇ ತರಗತಿಯೊಳಗೆ ಪ್ರಥಮ ಭಾಷೆಯ ಮಟ್ಟ ಮುಟ್ಟುತ್ತದಾ, ಇಲ್ಲ ದ್ವಿತೀಯ ಭಾಷೆಯೇ ಸರಿಯಾ? ಒತ್ತಕ್ಷರ ಕಲಿಸಲು ನೀವು ಯಾವ ಕ್ರಮ ಅನುಸರಿಸಿದಿರಿ?