ಸಹಾಯ ಬೇಕು: ಕೋಪಿಯಾಪೋವಾ ಸಿನೇರಿಯಾ ಗಿಡದ ಮೂಲವನ್ನು ಪತ್ತೆಹಚ್ಚುವುದು ಹೇಗೆ?

ಕಳ್ಳಿ ಗಿಡಗಳನ್ನು ಬಲ್ಲವರ ನೆರವು ಕೋರುತ್ತಿದ್ದೇನೆ. ಮಾರಾಟಗಾರರೊಬ್ಬರು ಕೋಪಿಯಾಪೋವಾ ಸಿನೇರಿಯಾ ಎಂಬ ಕಳ್ಳಿಯ ದೊಡ್ಡ ಗಿಡವೊಂದನ್ನು ಕೊಡುವುದಾಗಿ ಹೇಳಿದ್ದಾರೆ; ಅದು ಬೀಜದಿಂದ ಬೆಳೆಸಿದ್ದೋ, ಮರುಭೂಮಿಯಿಂದ ಕಿತ್ತು ತಂದದ್ದೋ ತಿಳಿಯುತ್ತಿಲ್ಲ.

ಈ ಪ್ರಭೇದದ ಸಹಜ ನೆಲೆಯು ಉತ್ತರ ಚಿಲಿಯಲ್ಲಿ, ಅಟಕಾಮಾ ಮರುಭೂಮಿಯ ಕರಾವಳಿಯ ತಾಲ್ತಾಲ್ ಪಟ್ಟಣದ ಸುತ್ತಲಿನ ಬೆಟ್ಟಗಳಲ್ಲಿದೆ. ಮಳೆ ಅತಿ ವಿರಳವಾದ ಆ ನೆಲದಲ್ಲಿ, ಪೆಸಿಫಿಕ್ ಸಾಗರದಿಂದ ಏರಿಬರುವ, ಅಲ್ಲಿನವರು ಕಮಂಚಾಕಾ ಎಂದು ಕರೆಯುವ ಮಂಜೇ ಅದಕ್ಕೆ ಮುಖ್ಯ ಆಸರೆ. ಮೈಮೇಲಿನ ಬೂದುಬಿಳಿ ಮೇಣದ ಲೇಪವು ಗಿಡವನ್ನು ಬಿಸಿಲಿನಿಂದ ಕಾಪಾಡುತ್ತದೆ. ಬೆಳವಣಿಗೆ ಬಲು ನಿಧಾನ, ಆದ್ದರಿಂದಲೇ ದೊಡ್ಡ ಗಿಡವೆಂದರೆ ನನಗೆ ಅನುಮಾನ. 2020ರಲ್ಲಿ ಇಟಲಿಯ ಪೊಲೀಸರು ಇಂತಹ ಸಾವಿರದಷ್ಟು ಕದ್ದ ಕಳ್ಳಿಗಳನ್ನು ವಶಪಡಿಸಿಕೊಂಡಿದ್ದರಲ್ಲವೇ!

ಕಾಂಡದ ಗಾಯದ ಗುರುತು, ಬೇರಿನ ಸ್ಥಿತಿ, ಸೈಟಿಸ್ (ಅಳಿವಿನಂಚಿನ ಜೀವಿಗಳ ವ್ಯಾಪಾರ ನಿಯಂತ್ರಿಸುವ ಅಂತರರಾಷ್ಟ್ರೀಯ ಒಪ್ಪಂದ) ಪರವಾನಗಿ, ಇವುಗಳಲ್ಲಿ ಯಾವುದನ್ನು ನಂಬಬಹುದು ಮತ್ತು ಮಾರಾಟಗಾರರಿಂದ ಯಾವ ದಾಖಲೆ ಕೇಳಬೇಕು ಎಂಬುದನ್ನು ದಯವಿಟ್ಟು ತಿಳಿಸಿ.